ಕಾಯಿಲೆಯ ಮಗುವಿಗೂ ಆಟದ ಅವಧಿ

ಬೋಧನಾಭ್ಯಾಸದ ದಿನಗಳಲ್ಲಿ ದೈಹಿಕ ಶಿಕ್ಷಣದ ಪಾಠ ಯೋಜನೆಗಳನ್ನು ತಿದ್ದುವಾಗ ಒಂದು ವಾಕ್ಯ ನನಗೆ ಪದೇ ಪದೇ ಎದುರಾಗುತ್ತದೆ: ‘ಅನಾರೋಗ್ಯವಿರುವ ವಿದ್ಯಾರ್ಥಿಗಳಿಗೆ ವಿಶ್ರಾಂತಿ ನೀಡಲಾಗುವುದು.’ ಒಂದು ತಂಡದ ಪುಸ್ತಕದಿಂದ ಮುಂದಿನ ತಂಡದ ಪುಸ್ತಕಕ್ಕೆ ನಕಲಾಗುತ್ತಾ ಬಂದ ವಾಕ್ಯ ಇದು. ಬರೆಯುವವರ ಮನಸ್ಸಿನಲ್ಲಿ ಇರುವುದು ಕಾಳಜಿಯೇ. ಆದರೆ ಮೈದಾನದಲ್ಲಿ ಆಗುವುದೇನು? ಉಬ್ಬಸದ ಹುಡುಗಿ, ಇನ್ಸುಲಿನ್ ತೆಗೆದುಕೊಳ್ಳುವ ಹುಡುಗ, ತೀರಾ ದಪ್ಪಗಿರುವ ಮಗು, ಇವರೆಲ್ಲ ಜೂನ್‌ನಿಂದ ಮಾರ್ಚ್‌ವರೆಗೆ ಮರದ ನೆರಳಲ್ಲಿ ಕೂತು ಉಳಿದವರ ಚಪ್ಪಲಿ, ನೀರಿನ ಬಾಟಲಿ ಕಾಯುತ್ತಾರೆ. ಜ್ವರ ಬಂದ ಮಗು ಎರಡು ದಿನ ಸುಮ್ಮನಿರುವುದು ವಿಶ್ರಾಂತಿ. ವರ್ಷಪೂರ್ತಿ ಕೂರಿಸುವುದಕ್ಕೆ ಆ ಹೆಸರು ಸಲ್ಲದು. ಈ ವಾಕ್ಯವನ್ನು ಪಾಠ ಯೋಜನೆಯಿಂದ ತೆಗೆಯಬೇಕೆಂಬುದು ನನ್ನ ಅಭಿಪ್ರಾಯ.

ಹೆಚ್ಚು ವಿಶ್ರಾಂತಿ ಕೊಟ್ಟಷ್ಟೂ ಒಳ್ಳೆಯದೆಂದು ಒಂದು ಕಾಲದಲ್ಲಿ ವೈದ್ಯರೂ ನಂಬಿದ್ದರು. ಹೃದಯಾಘಾತವಾದವರನ್ನು ವಾರಗಟ್ಟಲೆ ಅಲುಗಾಡದಂತೆ ಮಲಗಿಸುತ್ತಿದ್ದರು. 1952ರಲ್ಲಿ ಅಮೆರಿಕದ ಲೆವಿನ್ ಮತ್ತು ಲೌನ್ ಎಂಬ ವೈದ್ಯರು ಅಂಥ ರೋಗಿಗಳನ್ನು ಹಾಸಿಗೆಯಿಂದ ಎಬ್ಬಿಸಿ ಕುರ್ಚಿಯಲ್ಲಿ ಕೂರಿಸಿದ್ದೇ ದೊಡ್ಡ ಸಾಹಸವಾಗಿತ್ತು. 1966ರಲ್ಲಿ ಡಲ್ಲಾಸ್ ನಗರದಲ್ಲಿ ನಡೆದ ಪ್ರಯೋಗವನ್ನಂತೂ ಪ್ರತಿ ಪ್ರಶಿಕ್ಷಣಾರ್ಥಿಯೂ ತಿಳಿದಿರಬೇಕು. ಇಪ್ಪತ್ತು ವರ್ಷದ ಐವರು ಆರೋಗ್ಯವಂತ ಯುವಕರನ್ನು ಮೂರು ವಾರ ಹಾಸಿಗೆಯಲ್ಲೇ ಇರಿಸಿದರು. ದೇಹ ಗರಿಷ್ಠ ಶ್ರಮದಲ್ಲಿ ಎಷ್ಟು ಆಮ್ಲಜನಕ ಬಳಸಬಲ್ಲದು ಎಂಬುದು ಕಾರ್ಯಸಾಮರ್ಥ್ಯದ ನಂಬಲರ್ಹ ಅಳತೆ. ಆ ಅಳತೆ ಕಾಲುಭಾಗಕ್ಕಿಂತ ಹೆಚ್ಚು ಕುಸಿದಿತ್ತು. ಸುಮಾರು ಎಂಟು ವಾರಗಳ ತರಬೇತಿಯ ನಂತರ ಸರಾಸರಿಯಲ್ಲಿ ಅದು ಮೊದಲಿಗಿಂತಲೂ ಮೇಲೇರಿತು. ಮೂವತ್ತು ವರ್ಷ ಕಳೆದು ಅದೇ ಐವರನ್ನು ಮತ್ತೆ ಪರೀಕ್ಷಿಸಿದಾಗ, ಮೂರು ದಶಕಗಳ ವಯಸ್ಸು ಕಸಿದುಕೊಂಡದ್ದು ಅಂದಿನ ಮೂರು ವಾರಗಳ ಹಾಸಿಗೆ ಕಸಿದಷ್ಟು ಇರಲಿಲ್ಲ.

ಅವರು ಆರೋಗ್ಯವಂತರಾಗಿದ್ದರು, ಕಾಯಿಲೆಯವರ ಕಥೆ ಬೇರೆಯಲ್ಲವೇ ಎಂದು ಕೇಳಬಹುದು. ಬೇರೆ ಹೌದು, ಆದರೆ ನಾವು ಅಂದುಕೊಂಡ ರೀತಿಯಲ್ಲಲ್ಲ. ದೀರ್ಘಕಾಲದ ಧೂಮಪಾನದಿಂದ ಶ್ವಾಸಕೋಶ ಹಾಳಾದ ವೃದ್ಧರನ್ನೇ ನೋಡಿ. ಅವರಿಗೆ ಕೆಲವು ವಾರ ಕ್ರಮಬದ್ಧ ನಡಿಗೆ, ಸೈಕಲ್ ತುಳಿತ ಮಾಡಿಸಿದರೆ ಶ್ವಾಸಕೋಶ ರಿಪೇರಿಯಾಗುವುದಿಲ್ಲ. ಊದಿಸಿ ನೋಡುವ ಪರೀಕ್ಷೆಯ ಅಂಕಿಯೂ ಹೆಚ್ಚುಕಡಿಮೆ ಹಾಗೇ ಇರುತ್ತದೆ. ಆದರೂ ಅವರು ಮೊದಲಿಗಿಂತ ದೂರ ನಡೆಯುತ್ತಾರೆ, ಏದುಸಿರು ಕಡಿಮೆಯಾಗುತ್ತದೆ. ಬದಲಾದದ್ದು ಕಾಲಿನ ಸ್ನಾಯು. ಅಲ್ಲಿ ಲೋಮನಾಳಗಳು, ಮೈಟೋಕಾಂಡ್ರಿಯಾಗಳು ಹೆಚ್ಚಾಗಿ, ಅದೇ ಕೆಲಸಕ್ಕೆ ಹುಟ್ಟುವ ಲ್ಯಾಕ್ಟಿಕ್ ಆಮ್ಲ ತಗ್ಗುತ್ತದೆ. ಆಗ ಹೊರಹಾಕಬೇಕಾದ ಇಂಗಾಲದ ಡೈಆಕ್ಸೈಡ್ ಕಡಿಮೆ, ಉಸಿರಾಟದ ಬೇಡಿಕೆಯೂ ಕಡಿಮೆ. ಅಂದರೆ ಕಾಯಿಲೆ ಬೇರೆ, ಕಾರ್ಯಸಾಮರ್ಥ್ಯ ಬೇರೆ. ಮೊದಲನೆಯದು ಇದ್ದಲ್ಲೇ ಇದ್ದರೂ ಎರಡನೆಯದು ಬೆಳೆಯಬಲ್ಲದು.

ಮರದ ಕೆಳಗಿನ ಮಗುವಿನಲ್ಲಿ ನಡೆಯುವುದು ಇದರ ತಲೆಕೆಳಗು. ಅವಳ ಉಬ್ಬಸ ಹೋದ ವರ್ಷದಷ್ಟೇ ಇದೆ, ಆದರೆ ಕೂತು ಕೂತು ಹೃದಯ, ಸ್ನಾಯುಗಳ ಅಭ್ಯಾಸ ತಪ್ಪಿದೆ. ಮಹಡಿ ಹತ್ತಿದರೆ ಏದುಸಿರು ಬರುತ್ತದೆ. ಅದನ್ನು ಕಂಡ ಶಿಕ್ಷಕರು ಕಾಯಿಲೆ ಜೋರಾಯಿತೆಂದು ಮತ್ತಷ್ಟು ಕೂರಿಸುತ್ತಾರೆ. ಅಸ್ತಮಾ ಹತೋಟಿಯಲ್ಲಿರುವವರಿಗೆ ವ್ಯಾಯಾಮ ತರಬೇತಿಯಿಂದ ಸಾಮರ್ಥ್ಯ ಹೆಚ್ಚುತ್ತದೆ, ಲಕ್ಷಣಗಳು ಕೆಡುವುದಿಲ್ಲ ಎಂಬುದು ಹಲವು ಅಧ್ಯಯನಗಳನ್ನು ಒಟ್ಟಿಗೆ ತೂಗಿ ನೋಡಿದಾಗ ಕಂಡ ಮಾತು. ಅಸ್ತಮಾ ಇದ್ದೂ ಒಲಿಂಪಿಕ್ ಚಿನ್ನ ಗೆದ್ದವರ ಹೆಸರನ್ನು ಇಲ್ಲಿ ಹೇಳುವುದು ರೂಢಿ. ನನಗೆ ಪದಕದ ಮಾತು ಬೇಡ. ಬಸ್ ನಿಲ್ದಾಣದಿಂದ ಶಾಲೆಯವರೆಗೆ ಗೆಳತಿಯರ ಜೊತೆ ನಿಲ್ಲದೆ ನಡೆದು ಬಂದರೆ ಸಾಕು.

‘ಏನಾದರೂ ಆದರೆ ಯಾರು ಜವಾಬ್ದಾರರು ಸಾರ್?’ ಎಂದು ಪ್ರಶಿಕ್ಷಣಾರ್ಥಿಗಳು ಕೇಳುತ್ತಾರೆ. ನ್ಯಾಯವಾದ ಪ್ರಶ್ನೆ. ವೈದ್ಯರ ಅನುಮತಿಯಿಲ್ಲದೆ ಓಡಿಸಲೇಬಾರದ ಹೃದ್ರೋಗಗಳಿವೆ. ಶ್ರಮಪಟ್ಟಾಗ ಎದೆನೋವು ಬರುವ, ತಲೆಸುತ್ತಿ ಬೀಳುವ ಮಗುವನ್ನು ಅಲ್ಲೇ ನಿಲ್ಲಿಸಿ ವೈದ್ಯರಲ್ಲಿಗೆ ಕಳಿಸಬೇಕು. ಆದರೆ ಪೋಷಕರ ಮೂಲಕ ವೈದ್ಯರಿಗೆ ಚೀಟಿ ಬರೆಯುವಾಗ ‘ಈ ಮಗು ಆಡಬಹುದೇ?’ ಎಂದು ಬರೆದರೆ, ಯಾಕೆ ಉಸಾಬರಿ ಎಂದು ಬೇಡ ಎನ್ನುವುದೇ ಅವರಿಗೂ ಸುಲಭ. ‘ಯಾವುದನ್ನು, ಎಷ್ಟು, ಯಾವ ಎಚ್ಚರಿಕೆಯೊಂದಿಗೆ ಮಾಡಿಸಬಹುದು?’ ಎಂದು ಕೇಳಿ. ಬಂದ ಉತ್ತರವನ್ನು ವಿಶ್ರಾಂತಿಯ ವಾಕ್ಯವಿದ್ದ ಜಾಗದಲ್ಲಿ ಬರೆಯಿರಿ. ಉಬ್ಬಸದ ಮಗುವಿಗೆ ಮೈ ಬಿಸಿಯಾಗಲು ಹೆಚ್ಚು ಸಮಯ, ಧೂಳೆದ್ದ ದಿನ ಒಳಾಂಗಣದ ಆಟ, ಇನ್ಹೇಲರ್ ಮುಖ್ಯೋಪಾಧ್ಯಾಯರ ಬೀರುವಿನಲ್ಲಲ್ಲ, ಮೈದಾನದಲ್ಲಿ. ಇನ್ಸುಲಿನ್ ತೆಗೆದುಕೊಳ್ಳುವ ಮಗುವಿನ ಕೈಗೆಟಕುವಂತೆ ಗ್ಲೂಕೋಸ್ ಅಥವಾ ಸಕ್ಕರೆ, ಏಕೆಂದರೆ ಆಡುವಾಗ ರಕ್ತದ ಸಕ್ಕರೆ ಇಳಿಯಬಹುದು. ಪ್ರಮಾಣಕ್ಕೆ ಯಂತ್ರವೇನೂ ಬೇಡ: ಮಾತನಾಡಲು ಆಗುತ್ತಿದೆ, ಹಾಡಲು ಆಗುತ್ತಿಲ್ಲ ಎಂದರೆ ಶ್ರಮ ಹದವಾಗಿದೆ.

ಅಳೆಯುವ ರೀತಿಯೂ ಬದಲಾಗಬೇಕು. ಖೇಲೋ ಇಂಡಿಯಾ ಫಿಟ್‌ನೆಸ್ ಪರೀಕ್ಷೆಯಲ್ಲಿ 4ನೇ ತರಗತಿಯಿಂದ ಮೇಲಿನ ಮಕ್ಕಳಿಗೆ 600 ಮೀಟರ್ ‘ಓಟ ಅಥವಾ ನಡಿಗೆ’ ಇದೆ. ನಡೆಯಬಹುದು ಎಂದು ಹೆಸರಿನಲ್ಲೇ ಇದ್ದರೂ ನಮ್ಮವರು ಅದನ್ನು ಓದುವುದಿಲ್ಲ. ಒಂದು ಸಲ ಓಡಿಸಿ, ಗೆದ್ದವರನ್ನು ಆರಿಸಿ, ಉಳಿದವರನ್ನು ಮರೆಯುತ್ತೇವೆ. ಬಿ.ಇಡಿ. ಎರಡನೇ ವರ್ಷದಲ್ಲಿ ಈಗ 16 ವಾರಗಳ ಇಂಟರ್ನ್‌ಶಿಪ್ ಇದೆ; ಡಲ್ಲಾಸ್‌ನವರ ತರಬೇತಿಯ ಎರಡರಷ್ಟು ಅವಧಿ. ಆಸ್ಪತ್ರೆಗಳಲ್ಲಿ ಹೃದಯ, ಶ್ವಾಸಕೋಶದ ರೋಗಿಗಳಿಗೆ ಆರು ನಿಮಿಷದ ನಡಿಗೆ ಪರೀಕ್ಷೆ ಮಾಡುತ್ತಾರೆ. ಅದಕ್ಕೆ ಬೇಕಾದದ್ದು 30 ಮೀಟರ್ ಸಮತಟ್ಟು ಜಾಗ, ಒಂದು ಗಡಿಯಾರ. ಮೈದಾನದಲ್ಲಿ ಎರಡು ಕಲ್ಲಿಟ್ಟು ಅದೇ ಮಾದರಿಯಲ್ಲಿ ಮೊದಲ ವಾರ ಒಮ್ಮೆ, ಕೊನೆಯ ವಾರ ಒಮ್ಮೆ ನಡೆಸಿ, ಮಗುವಿನ ಎರಡನೇ ಅಂಕಿಯನ್ನು ಅದರದೇ ಮೊದಲ ಅಂಕಿಯ ಪಕ್ಕ ಬರೆಯಿರಿ. ನಾಡಿಬಡಿತದ ಲೆಕ್ಕವನ್ನು ಗಣಿತದ ಪ್ರಶಿಕ್ಷಣಾರ್ಥಿ ನಕ್ಷೆಯ ಪಾಠಕ್ಕೆ, ವಿಜ್ಞಾನದವರು ಜೀವಕ್ರಿಯೆಗಳ ಪಾಠಕ್ಕೆ ಬಳಸಲಿ. ಬಣ್ಣದ ಸೀಮೆಸುಣ್ಣದಲ್ಲಿ ಹೃದಯದ ನಾಲ್ಕು ಕೋಣೆ ಬಿಡಿಸುವಷ್ಟರಲ್ಲೇ ಅವಧಿ ಮುಗಿಸುವ ಪಾಠಗಳನ್ನು ನಾನು ಸಾಕಷ್ಟು ನೋಡಿದ್ದೇನೆ.

ಇನ್ನು ಬೋಧಕರಾದ ನಮ್ಮ ಕಡೆಯ ಮಾತು. ನಮ್ಮ ವೀಕ್ಷಣಾ ನಮೂನೆಯಲ್ಲಿ ಸೀಟಿ, ಆಜ್ಞೆ, ಸಾಲು, ಸಮವಸ್ತ್ರಕ್ಕೆಲ್ಲ ಅಂಕಗಳಿವೆ. ವಿಶ್ವ ಆರೋಗ್ಯ ಸಂಸ್ಥೆ 5ರಿಂದ 17 ವರ್ಷದ ಮಕ್ಕಳಿಗೆ ದಿನಕ್ಕೆ ಸರಾಸರಿ 60 ನಿಮಿಷದ ಚುರುಕಾದ ಚಟುವಟಿಕೆ ಬೇಕು ಎನ್ನುತ್ತದೆ. ಅಂಗವೈಕಲ್ಯವಿರುವ ಮಕ್ಕಳಿಗೂ ಅದೇ ಮಾತು. ಆದರೆ ತರಗತಿಯ ಎಷ್ಟು ಮಕ್ಕಳು ಎಷ್ಟು ನಿಮಿಷ ಮೈ ಆಡಿಸಿದರು ಎಂದು ಕೇಳುವ ಕಾಲಂ ನಮ್ಮ ನಮೂನೆಯಲ್ಲಿಲ್ಲ. ಮುಂದಿನ ತಂಡಕ್ಕೆ ಅದು ಅಚ್ಚಾಗುವ ಮೊದಲು ಆ ಕಾಲಂ ಸೇರಿಸೋಣ. ಸಾಲಿನ ಅಂದಕ್ಕೆ ಮೀಸಲಿಟ್ಟ ಅಂಕಗಳಲ್ಲಿ ಅರ್ಧವನ್ನು ಅದಕ್ಕೆ ಕೊಟ್ಟರೂ ಆದೀತು.