ಕೊಟ್ಟ ಹೆಣ್ಣು, ಕೊಂಡ ಕಾಲ

ನಮ್ಮಲ್ಲಿ ಹಲವರಿಗೆ ಕೊಸೊವೊ ಎಂಬ ಹೆಸರು ಕಿವಿಗೆ ಬಿದ್ದದ್ದು 1999ರಲ್ಲಿ, ನ್ಯಾಟೊ ವಿಮಾನಗಳು ಸರ್ಬಿಯದ ಮೇಲೆ 78 ದಿನ ಬಾಂಬು ಸುರಿಸಿದಾಗ. ಅದಕ್ಕೂ ಹತ್ತು ವರ್ಷ ಮೊದಲು ಸರ್ಬಿಯದ ನಾಯಕ ಸ್ಲೊಬೊದಾನ್ ಮಿಲೊಶೆವಿಚ್ ಅದೇ ಕೊಸೊವೊದ ಬಯಲಿನಲ್ಲಿ ನಿಂತು, 600 ವರ್ಷ ಹಿಂದಿನ ಕಾಳಗವೊಂದನ್ನು ನೆನಪಿಸಿ ಭಾಷಣ ಮಾಡಿದ್ದ. 1389ರ ಜೂನಿನ ಆ ಕಾಳಗದಲ್ಲಿ ಸರ್ಬರ ದೊರೆ ಲಾಜರ್ ಮಡಿದ, ತುರ್ಕರ ಸುಲ್ತಾನ ಮುರಾದನೂ ಮಡಿದ. ಹಾಡುಗಾರರು ಲಾಜರನನ್ನು ಹುತಾತ್ಮನನ್ನಾಗಿಸಿದರು, ಅವನ ಹಿರಿಯಳಿಯ ವೂಕ್ ಬ್ರಾಂಕೊವಿಚ್‌ನನ್ನು ದ್ರೋಹಿಯೆಂದು ಶತಮಾನಗಟ್ಟಲೆ ಶಪಿಸಿದರು. ದೊರೆಸಾನಿ ಮಿಲಿತ್ಸಾಳಿಗೆ ಅವರು ಉಳಿಸಿದ್ದು ಕಣ್ಣೀರಿನ ಪಾತ್ರ: ತನ್ನ ಒಂಬತ್ತು ಜನ ಅಣ್ಣತಮ್ಮಂದಿರಲ್ಲಿ ಒಬ್ಬನನ್ನಾದರೂ ಮನೆಯಲ್ಲಿ ಬಿಟ್ಟುಹೋಗೆಂದು ಗಂಡನನ್ನು ಬೇಡುವ ಹೆಂಗಸು. ಕಾಳಗದ ಮಾರನೆಯ ದಿನದಿಂದ ಆಕೆ ಮಾಡಿದ್ದೇನು ಎಂಬುದನ್ನು ಹಾಡಿದವರು ಕಡಿಮೆ. ಈ ಲೆಕ್ಕವನ್ನು ತೆರೆಯಬೇಕಾದದ್ದು ಅಲ್ಲಿಂದ.

ಮಿಲಿತ್ಸಾ ನೆಮಾನ್ಯಿಚ್ ರಾಜವಂಶದ ಒಂದು ಕವಲಿನವಳು, ವ್ರಾತ್ಕೊ ಎಂಬ ಸಾಮಂತನ ಮಗಳು. ಮದುವೆಯ ಹೊತ್ತಿಗೆ ಲಾಜರ್ ಚಕ್ರವರ್ತಿ ದುಶಾನನ ಆಸ್ಥಾನದಲ್ಲಿ ಸಣ್ಣ ಅಧಿಕಾರಿ, ಅಷ್ಟೆ. 1355ರಲ್ಲಿ ದುಶಾನ್ ತೀರಿಕೊಂಡ. ಅವನ ಮಗ ಉರೋಶ್ 1371ರಲ್ಲಿ ಸಂತಾನವಿಲ್ಲದೆ ಸತ್ತ. ಸಾಮ್ರಾಜ್ಯ ಪಾಳೆಯಪಟ್ಟುಗಳಾಗಿ ಒಡೆದಾಗ ಲಾಜರ್‌ಗೆ ಇತರ ಪಾಳೆಯಗಾರರ ನಡುವೆ ಒಂದು ತೂಕ ಬಂದದ್ದರಲ್ಲಿ ಹೆಂಡತಿಯ ಕುಲದ ಪಾಲೂ ಇತ್ತು. ಗಂಡಹೆಂಡಿರು ನಾಲ್ಕು ದಿಕ್ಕಿಗೂ ಬೀಗತನ ಬೆಳೆಸಿದರು. ಹೆಣ್ಣುಮಕ್ಕಳಲ್ಲಿ ಮಾರಾಳನ್ನು ಕೊಸೊವೊದ ಒಡೆಯ ವೂಕ್ ಬ್ರಾಂಕೊವಿಚ್‌ಗೆ, ದ್ರಗಾನಾಳನ್ನು ಬಲ್ಗೇರಿಯದ ರಾಜಮನೆತನಕ್ಕೆ, ತಿಯೊದೊರಾಳನ್ನು ಹಂಗೇರಿಯ ದೊಡ್ಡ ಜಹಗೀರುದಾರ ಗರಾಯ್ ಮಿಕ್ಲೋಶ್‌ಗೆ, ಯೆಲೆನಾಳನ್ನು ಆಡ್ರಿಯಾಟಿಕ್ ಕಡಲತಡಿಯ ಜೆತಾ ಸೀಮೆಯ ಬಾಲ್ಶಿಚ್ ಮನೆಗೆ ಕೊಟ್ಟರು. ಸುತ್ತಲೂ ಬೀಗರಿದ್ದರೆ ಗಡಿ ಭದ್ರ ಎಂಬ ಭರವಸೆ. ಕೊನೆಯ ಮಗಳು ಒಲಿವೇರಾ ಮನೆಯಲ್ಲೇ ಇದ್ದಳು.

ಲಾಜರ್ ಸತ್ತಾಗ ಹಿರಿಯ ಮಗ ಸ್ಟೆಫಾನ್ ಹನ್ನೆರಡರ ಆಸುಪಾಸಿನ ಹುಡುಗ. ಆಳ್ವಿಕೆ ಮಿಲಿತ್ಸಾಳ ಕೈಗೆ ಬಂತು. ಆ ವರ್ಷ ಮುಗಿಯುವ ಮೊದಲೇ ಉತ್ತರದಿಂದ ಹಂಗೇರಿಯ ದೊರೆ ಸಿಗಿಸ್ಮಂಡ್ ನುಗ್ಗಿ ಕೋಟೆಗಳನ್ನು ಹಿಡಿದ. ಬೀಗತನ ಬೆಳೆಸಿದ ದಿಕ್ಕಿನಿಂದಲೇ ದಂಡು ಬಂದಿತ್ತು. ದಕ್ಷಿಣದಲ್ಲಿ ಹೊಸ ಸುಲ್ತಾನ ಬಾಯಜೀದ್ ಕಾಯುತ್ತಿದ್ದ. ಧರ್ಮಗುರುಗಳೂ ಸರದಾರರೂ ಕೂತು ಯೋಚಿಸಿ ಕೊಟ್ಟ ಸಮ್ಮತಿಯ ಮೇಲೆ ಆಕೆ ಬಾಯಜೀದನಿಗೆ ತಲೆಬಾಗಿದಳು: ಕಪ್ಪ, ಯುದ್ಧಕ್ಕೆ ಕರೆದಾಗ ಸೈನ್ಯ, ಜೊತೆಗೆ ಒಲಿವೇರಾ. ಗಂಡನ ತಲೆ ಉರುಳಿಸಿದ ಪಾಳೆಯದ ಒಡೆಯನ ಜನಾನಾಕ್ಕೆ ಮಗಳನ್ನು ಕಳುಹಿಸುವುದು! ಒಲಿವೇರಾಳ ಮನಸ್ಸು ಆ ಒಪ್ಪಂದದ ಬಾಬತ್ತುಗಳಲ್ಲಿ ಸೇರಿರಲಿಲ್ಲ. ನಾವು ಇದನ್ನು ತ್ಯಾಗ ಎಂದು ಕರೆಯುವ ಮುನ್ನ, ತ್ಯಾಗ ಮಾಡಿದವರು ಯಾರು ಎಂದು ಕೇಳಿಕೊಳ್ಳುವುದು ಒಳ್ಳೆಯದು.

ಬೀಗತನದ ಬೆಲೆ ಎಷ್ಟೆಂದು ತಿಳಿದದ್ದು 1396ರ ನಿಕೋಪೊಲಿಸ್ ರಣರಂಗದಲ್ಲಿ. ಒಂದು ಕಡೆ ಸಿಗಿಸ್ಮಂಡನ ಧರ್ಮಯೋಧರ ಸೇನೆ, ಅದರಲ್ಲಿ ತಿಯೊದೊರಾಳ ಗಂಡ ಗರಾಯ್. ಇನ್ನೊಂದು ಕಡೆ ಒಲಿವೇರಾಳ ಗಂಡ ಬಾಯಜೀದ್, ಅವನ ಸಾಮಂತನಾಗಿ ಈಟಿ ಹಿಡಿದ ಸ್ಟೆಫಾನ್. ಗೆಲುವು ತೂಗಾಡುತ್ತಿದ್ದಾಗ ಸ್ಟೆಫಾನನ ಕುದುರೆ ದಂಡು ನುಗ್ಗಿ ತುರ್ಕರ ತಕ್ಕಡಿಯನ್ನು ಭಾರ ಮಾಡಿತು. ಒಬ್ಬ ಭಾವನ ಗೆಲುವಿಗಾಗಿ ಇನ್ನೊಬ್ಬ ಭಾವನ ಸೇನೆಯನ್ನು ಮುರಿದದ್ದು ಲಾಜರನ ಮಗ. ಆ ಹೊತ್ತಿಗೆ ಮಿಲಿತ್ಸಾ ಎವ್ಗೆನಿಯಾ ಎಂಬ ಹೆಸರಿನ ಸನ್ಯಾಸಿನಿಯಾಗಿ, ತಾನೇ ಕಟ್ಟಿಸಿದ ಲ್ಯುಬೊಸ್ಟಿನ್ಯಾ ಮಠ ಸೇರಿದ್ದಳು. ಆದರೆ ಕಾವಿ ತೊಟ್ಟ ಮಾತ್ರಕ್ಕೆ ಬಿಡುಗಡೆ ಎಲ್ಲಿ? 1398ರಲ್ಲಿ ಸರದಾರರು ಸ್ಟೆಫಾನನ ಮೇಲೆ ಸುಲ್ತಾನನಿಗೆ ಚಾಡಿ ಹೇಳಿದಾಗ, ಯೆಫಿಮಿಯಾ ಎಂಬ ಸಂಗಾತಿ ಸನ್ಯಾಸಿನಿಯೊಡನೆ ಆಕೆಯೇ ಬಾಯಜೀದನ ಬಳಿ ಹೋದಳು. ಮಗನ ಮೇಲಿನ ಮುನಿಸು ಇಳಿಸಿದ್ದಲ್ಲದೆ, ಸಂತ ಪೆತ್ಕಾಳ ಪವಿತ್ರ ಅಸ್ಥಿಯನ್ನೂ ಕೇಳಿ ಪಡೆದು ತಂದಳು. ಅಳಿಯನ ಎದುರು ಅತ್ತೆಗೆ ಇಷ್ಟು ನಡೆಯಿತೆಂದರೆ, ಒಲಿವೇರಾ ಅಲ್ಲಿ ಇದ್ದದ್ದಕ್ಕೆ ಅದರಲ್ಲಿ ಪಾಲಿಲ್ಲದೆ ಇರಲಾರದು.

1402ರಲ್ಲಿ ಅಂಕಾರಾ ಬಳಿ ತೈಮೂರ್ ಬಾಯಜೀದನನ್ನು ಸೆರೆಹಿಡಿದ. ಒಲಿವೇರಾಳೂ ಸೆರೆಸಿಕ್ಕಳು, ಬಿಡುಗಡೆಯಾದ ಮೇಲೆ ತಮ್ಮನ ಆಶ್ರಯಕ್ಕೆ ಬಂದಳು. ಅದೇ ವರ್ಷ ಯೆಫಿಮಿಯಾ ಕೆಂಪು ರೇಷ್ಮೆಯ ಮೇಲೆ ಚಿನ್ನದ ಎಳೆಯಿಂದ ಲಾಜರನ ಸ್ತುತಿಯನ್ನು ಕಸೂತಿ ಮಾಡಿ ಮುಗಿಸಿದಳು. ಆಕೆಯ ಗಂಡ ಉಗ್ಲ್ಯೆಶಾ 1371ರ ಮರಿತ್ಸಾ ಕಾಳಗದಲ್ಲಿ ಮಡಿದಿದ್ದ, ಒಬ್ಬನೇ ಮಗ ಎಳವೆಯಲ್ಲೇ ತೀರಿ ಹೆಣ್ಣುಮಕ್ಕಳು ಕಾಲಿಡಲಾಗದ ಅಥೋಸ್ ಬೆಟ್ಟದ ಹಿಲಂದಾರ್ ಮಠದಲ್ಲಿ ಮಣ್ಣಾಗಿದ್ದ. ಇಂಥವಳು ಹೊಲಿದ ಬಟ್ಟೆ ಅದು. ಸುಲ್ತಾನನ ಹಿಡಿತ ಸಡಿಲಿದ ಕೂಡಲೇ ಮನೆಯೊಳಗಿನ ಜಗಳ ಹೊರಬಿತ್ತು. ಮಾರಾಳ ಮಗ ಜುರಾಜ್ ಸೋದರಮಾವನ ವಿರುದ್ಧವೇ ತ್ರಿಪೋಲ್ಯೆಯಲ್ಲಿ ಕತ್ತಿ ಎತ್ತಿ ಸೋತ. ಸ್ಟೆಫಾನನ ತಮ್ಮ ವೂಕ್ ಕೂಡ ಅಣ್ಣನಿಗೆ ಎದುರು ನಿಂತು, 1410ರಲ್ಲಿ ಬಾಯಜೀದನ ಮಗ ಮೂಸಾನ ಕೈಯಲ್ಲಿ ಕೊಲೆಯಾದ. ಅದನ್ನು ನೋಡಲು ಮಿಲಿತ್ಸಾ ಇರಲಿಲ್ಲ. 1405ರಲ್ಲೇ ಆಕೆ ಕಣ್ಣುಮುಚ್ಚಿದ್ದಳು.

ಗಳಿಕೆಯ ಕಡೆ ಬರೆಯಬೇಕಾದದ್ದೂ ಇದೆ. ಸಿಗಿಸ್ಮಂಡನಿಂದ ಪಡೆದ ಬೆಲ್‌ಗ್ರೇಡನ್ನು ಸ್ಟೆಫಾನ್ ರಾಜಧಾನಿಯಾಗಿ ಕಟ್ಟಿದ, 1412ರಲ್ಲಿ ಗಣಿಗಾರಿಕೆಗೆ ಕಾನೂನು ಬರೆಸಿದ, ರೆಸಾವಾ ಮಠದಲ್ಲಿ ಲಿಪಿಕಾರರಿಗೆ ನೆಲೆ ಕೊಟ್ಟ, ಸ್ವತಃ ಕವಿಯಾಗಿದ್ದ. ಯೆಲೆನಾ 1409ರಲ್ಲಿ ಮಗನ ಪರವಾಗಿ ತಾನೇ ವೆನಿಸ್‌ಗೆ ಹೋಗಿ ಸಂಧಿ ಮಾತಾಡಿದಳು. ಇಬ್ಬರು ಗಂಡಂದಿರನ್ನೂ ಮಗನನ್ನೂ ಕಳೆದುಕೊಂಡ ಮೇಲೆ ಸ್ಕಾದರ್ ಸರೋವರದ ದ್ವೀಪವೊಂದರಲ್ಲಿ ಗುಡಿ ಕಟ್ಟಿಸಿ, ಗುರು ನಿಕೋನನೊಡನೆ ಪತ್ರ ಬರೆದುಕೊಂಡಳು. ಆ ಓಲೆಗಳನ್ನೊಳಗೊಂಡ ಗ್ರಂಥ 1442ರ ಸುಮಾರಿನದು, ಇಂದಿಗೂ ಉಳಿದಿದೆ. ಈ ಕುಟುಂಬದಲ್ಲಿ ನನಗೆ ತೀರ ಹತ್ತಿರದವಳು ಅನಿಸುವುದು ಅವಳೇ.

ಸ್ಟೆಫಾನ್ 1427ರಲ್ಲಿ ಮಕ್ಕಳಿಲ್ಲದೆ ತೀರಿಕೊಂಡಾಗ ಪಟ್ಟ ಹೋದದ್ದು ಅದೇ ಜುರಾಜ್‌ಗೆ. ದ್ರೋಹಿಯ ಮಗನೆಂದು ಹಾಡು ಹಂಗಿಸಿದವನು ಮಿಲಿತ್ಸಾಳ ಮೊಮ್ಮಗ! ಅವನೂ ಅಜ್ಜಿಯ ದಾರಿಯನ್ನೇ ಹಿಡಿದು, ಮಗಳು ಮಾರಾಳನ್ನು 1436ರಲ್ಲಿ ಸುಲ್ತಾನ ಎರಡನೆಯ ಮುರಾದನಿಗೆ ಕೊಟ್ಟ. ಮೂರೇ ವರ್ಷಕ್ಕೆ ಅಳಿಯ ಮಾವನ ರಾಜಧಾನಿ ಸ್ಮೆದೆರೆವೊವನ್ನು ಕಿತ್ತುಕೊಂಡ. 1441ರಲ್ಲಿ ಹೆಂಡತಿಯ ಇಬ್ಬರು ಸಹೋದರರ ಕಣ್ಣು ಕೀಳಿಸಿದ. ಅಜ್ಜಿಗೆ ಕಾಲವನ್ನು ಕೊಂಡುಕೊಟ್ಟ ನಾಣ್ಯ ಮೊಮ್ಮಗನ ಕೈಯಲ್ಲಿ ಸವೆದಿತ್ತು. 1459ರಲ್ಲಿ ಸ್ಮೆದೆರೆವೊ ಕೊನೆಯ ಬಾರಿ ಬಿದ್ದಾಗ ಕೊಸೊವೊ ಕಳೆದು 70 ವರ್ಷ. ಹಾಡುಗಳು ಎಲ್ಲವೂ ಒಂದೇ ದಿನದಲ್ಲಿ ಮುಗಿದುಹೋಯಿತೆನ್ನುತ್ತವೆ. ನಡುವಿನ ಈ ಎರಡು ತಲೆಮಾರುಗಳ ಬದುಕನ್ನು ಅವು ಯಾರ ಖಾತೆಗೂ ಜಮೆ ಮಾಡಲಿಲ್ಲ.

ಲಾಜರನ ದೇಹಕ್ಕೆ ಸತ್ತ ಮೇಲೂ ನೆಮ್ಮದಿಯಿರಲಿಲ್ಲ. ರವಾನಿತ್ಸಾ ಮಠದಿಂದ ಉತ್ತರಕ್ಕೆ, 1942ರಲ್ಲಿ ಬೆಲ್‌ಗ್ರೇಡಿಗೆ, ಆಮೇಲೆ 600ನೆಯ ವರ್ಷದ ಹೊತ್ತಿಗೆ ಊರೂರು ಮೆರವಣಿಗೆಯಾಗಿ ಮತ್ತೆ ರವಾನಿತ್ಸಾಕ್ಕೆ. ಮಿಲಿತ್ಸಾಳ ಸಮಾಧಿ ಲ್ಯುಬೊಸ್ಟಿನ್ಯಾದಲ್ಲೇ ಇದೆ. ಆ ಗುಡಿಯ ಹೊಸ್ತಿಲಲ್ಲಿ ಅದನ್ನು ಕಟ್ಟಿದ ಮೇಸ್ತ್ರಿ ರಾದೆ ಬೊರೊವಿಚ್ ತನ್ನ ಹೆಸರು ಕೊರೆದಿದ್ದಾನೆ. ಆಕೆಯನ್ನು ನೋಡಹೋಗುವವರು ಅದನ್ನು ದಾಟಿಯೇ ಒಳಗೆ ಕಾಲಿಡಬೇಕು.