ಜಹಗೀರು ಯಾರದು?



ನಿಮ್ಮಲ್ಲಿ ಹಲವರ ಹೆಸರಿನ ಕೊನೆಗೆ ಪಾಟೀಲ, ಕುಲಕರ್ಣಿ, ದೇಸಾಯಿ, ದೇಶಪಾಂಡೆ, ನಾಡಗೌಡ, ಇನಾಂದಾರ, ಜಹಗೀರದಾರ ಎಂದು ಏನಾದರೊಂದು ಬಾಲ ಇದೆ. ಶಾಲೆಯಲ್ಲಿ ಹಾಜರಿ ಕೂಗುವ ಟೀಚರು ಅದನ್ನು ಉಚ್ಚರಿಸಲು ಒದ್ದಾಡುವುದನ್ನು ನೀವೇ ನೋಡಿದ್ದೀರಿ. ಅದು ಜಾತಿಯ ಹೆಸರಲ್ಲ, ಊರಿನ ಹೆಸರೂ ಅಲ್ಲ. ಒಂದು ಕಾಲದಲ್ಲಿ ಯಾವುದೋ ದೊರೆಯ ಸನ್ನದಿನಿಂದ ಬಂದ ಅಧಿಕಾರದ ಹೆಸರು. ಅದರ ಹಿಂದೆ ಹೊಲ ಇದೆ, ಕಂದಾಯ ಇದೆ, ಜಗಳವೂ ಇದೆ.

ಇಂಗ್ಲೆಂಡಿನ ಮಧ್ಯಯುಗದ ಜಮೀನುದಾರರ ಕಥೆ ನಿಮಗೆ ಪಾಠದಲ್ಲಿ ಬಂದಿರುತ್ತದೆ. ಕೆನಿಲ್‌ವರ್ತ್ ಕೋಟೆಗೆ ಹೋದವರು ಜಾನ್ ಆಫ್ ಗಾಂಟ್ ಕಟ್ಟಿಸಿದ ದೊಡ್ಡ ಹಜಾರದ ಪಾಳುಗೋಡೆ ನೋಡಿರಬಹುದು. ಆತ ಲಂಕಾಸ್ಟರಿನ ಡ್ಯೂಕ್, ಆ ಕಾಲದ ಅತಿ ದೊಡ್ಡ ಭೂಮಾಲೀಕರಲ್ಲಿ ಒಬ್ಬ. ಅವನು 1399ರ ಫೆಬ್ರುವರಿಯಲ್ಲಿ ತೀರಿಕೊಂಡಾಗ ದೊರೆ ಎರಡನೇ ರಿಚರ್ಡ್ ಆ ಆಸ್ತಿಯನ್ನೆಲ್ಲ ತನ್ನ ಕೈಗೆ ತೆಗೆದುಕೊಂಡ. ಗಡೀಪಾರಾಗಿದ್ದ ಮಗ ಹೆನ್ರಿ ಬೇಸಿಗೆಯಲ್ಲಿ ಹಡಗು ಹತ್ತಿ ಬಂದು, ಅಪ್ಪನ ಆಸ್ತಿ ನನಗೆ ಬರಬೇಕು ಎಂದ. ಉಳಿದ ಶ್ರೀಮಂತರು ಅವನ ಹಿಂದೆ ನಿಂತರು. ಇವತ್ತು ಅವನ ಆಸ್ತಿ, ನಾಳೆ ನಮ್ಮದು ಎಂಬ ಭಯ ಅವರಿಗೆ. ಸೆಪ್ಟೆಂಬರ್ ಮುಗಿಯುವಷ್ಟರಲ್ಲಿ ರಿಚರ್ಡನ ಕಿರೀಟ ಹೋಗಿತ್ತು, ಹೆನ್ರಿ ದೊರೆಯಾಗಿದ್ದ.

ಈಗ ನನ್ನ ಜೊತೆ ಖುಲ್ತಾಬಾದಿಗೆ ಬನ್ನಿ. ಇದು ಮಹಾರಾಷ್ಟ್ರದಲ್ಲಿ, ಈಗ ಛತ್ರಪತಿ ಸಂಭಾಜಿನಗರ ಎಂದು ಕರೆಯುವ ಔರಂಗಾಬಾದಿನಿಂದ ಒಂದು ಗಂಟೆಯ ದಾರಿ. ಎಲ್ಲೋರಾ ನೋಡಲು ಹೋಗುವ ನಮ್ಮವರೆಲ್ಲ ಈ ಊರಿನ ಪಕ್ಕದಲ್ಲೇ ಹಾದುಹೋಗುತ್ತಾರೆ. ರಾಷ್ಟ್ರಕೂಟರ ಒಂದನೇ ಕೃಷ್ಣನ ಕೈಲಾಸ ದೇವಾಲಯದ ಮುಂದೆ ಫೋಟೋ ತೆಗೆಸಿಕೊಂಡು, ನಮ್ಮ ಕನ್ನಡ ದೊರೆ ಎಂದು ಹೆಮ್ಮೆಪಟ್ಟು ವಾಪಸಾಗುತ್ತಾರೆ. ಹೆಮ್ಮೆ ಸರಿಯೇ. ಆದರೆ ಗುಡ್ಡದ ಮೇಲಿನ ಈ ಸಣ್ಣ ಊರಲ್ಲೂ ಅರ್ಧ ದಿನ ಕಳೆಯಬೇಕು. ಸೂಫಿ ಸಂತರ ದರ್ಗಾಗಳ ಆಸುಪಾಸಿನಲ್ಲಿ ದಖ್ಖನಿನ ಭೂಮಿಯನ್ನು ಹಂಚಿದವರೆಲ್ಲ ಮಲಗಿದ್ದಾರೆ. 1626ರಲ್ಲಿ ತೀರಿಕೊಂಡ ಮಲಿಕ್ ಅಂಬರ್ ಇದ್ದಾನೆ. ಇಥಿಯೋಪಿಯಾದಿಂದ ಗುಲಾಮನಾಗಿ ಮಾರಾಟವಾಗಿ ಬಂದವನು ಅಹಮದ್‌ನಗರ ರಾಜ್ಯವನ್ನೇ ನಡೆಸಿದ, ಹೊಲಗಳನ್ನು ಅಳೆಸಿ ಕಂದಾಯ ಗೊತ್ತುಮಾಡಿದ. ಅವನದೇ ಒಂದು ಅಂಕಣವಾಗುವಷ್ಟು ಕಥೆ, ಇನ್ನೊಮ್ಮೆ ಬರೆಯುತ್ತೇನೆ. 1707ರಲ್ಲಿ ತೀರಿಕೊಂಡ ಔರಂಗಜೇಬನ ಗೋರಿ ಇಲ್ಲಿದೆ, ಮೇಲೆ ಗುಮ್ಮಟವಿಲ್ಲ, ಬರೀ ಆಕಾಶ. ಹೈದರಾಬಾದಿನ ಮೊದಲ ನಿಜಾಮನೂ ಇಲ್ಲೇ, 1748ರಿಂದ.

ಔರಂಗಜೇಬನ ರಾಜ್ಯದಲ್ಲಿ ಅಮೀರ ಎಂದರೆ ಮನ್ಸಬ್‌ದಾರ. ಅವನಿಗೆ ಸಂಬಳದ ಬದಲು ಜಹಗೀರು. ಇಷ್ಟು ಹಳ್ಳಿಗಳ ಕಂದಾಯ ನಿನ್ನದು, ಅದರಲ್ಲಿ ಇಷ್ಟು ಕುದುರೆ ಸವಾರರನ್ನು ಸಾಕು ಎಂಬ ಲೆಕ್ಕ. ಹೊಲ ಅವನದಲ್ಲ. ಮೂರು ನಾಲ್ಕು ವರ್ಷಕ್ಕೆ ಬೇರೆ ಕಡೆಗೆ ವರ್ಗ, ನಮ್ಮ ಡಿ.ಸಿ. ಸಾಹೇಬರ ಹಾಗೆ. ಸತ್ತರೆ ಮನೆಮುಂದೆ ಮೊದಲು ಬರುವವರು ಸರ್ಕಾರದ ಲೆಕ್ಕದವರು. ಬಾಕಿ ಏನಿದೆ ಎಂದು ನೋಡಿ ಆಸ್ತಿ ಜಫ್ತಿ ಮಾಡುತ್ತಿದ್ದರು. ಮಗನಿಗೆ ಅಪ್ಪನ ಜಹಗೀರು ಹಕ್ಕಿನಿಂದ ಬರುತ್ತಿರಲಿಲ್ಲ. ರಿಚರ್ಡ್ ಯಾವುದನ್ನು ಮಾಡಿ ಸಿಂಹಾಸನ ಕಳೆದುಕೊಂಡನೋ ಅದು ಇಲ್ಲಿ ದಿನನಿತ್ಯದ ಕಚೇರಿ ಕೆಲಸ!

ಇದರ ಪೆಟ್ಟು ರೈತನಿಗೆ. ನಾಲ್ಕು ವರ್ಷಕ್ಕೆ ಹೋಗುವವನು ಬಾವಿ ತೋಡಿಸುತ್ತಾನೆಯೇ? ಇದ್ದಷ್ಟು ದಿನ ಹಿಂಡಿಕೊಂಡು ಹೋಗುತ್ತಾನೆ. ಆ ಕಾಲದಲ್ಲಿ ಬಂದಿದ್ದ ಫ್ರೆಂಚ್ ವೈದ್ಯ ಬರ್ನಿಯರ್ ಹೀಗೆಯೇ ಬರೆದ. ಅವನು ಸ್ವಲ್ಪ ಉಪ್ಪುಖಾರ ಹಚ್ಚಿದ್ದಾನೆ ಎಂದು ನನಗನ್ನಿಸುತ್ತದೆ. ಏಕೆಂದರೆ ಜಹಗೀರದಾರ ಬದಲಾದರೂ ಹಳ್ಳಿಯಲ್ಲಿ ಪಾಟೀಲ, ಕುಲಕರ್ಣಿ ಬದಲಾಗುತ್ತಿರಲಿಲ್ಲ. ಅವರದು ವತನ, ತಲೆಮಾರಿನಿಂದ ತಲೆಮಾರಿಗೆ ಬರುವ ಹಕ್ಕು. ಇಂಗ್ಲೆಂಡಿನ ಲಾರ್ಡಿಗೆ ನಮ್ಮಲ್ಲಿ ಜೋಡಿ ಹುಡುಕುವುದಾದರೆ ಮೊಘಲ್ ಅಮೀರನಿಗಿಂತ ಈ ವತನದಾರನೇ ಹತ್ತಿರ. ಮನೆ ಸಣ್ಣದು, ಬೇರು ಆಳ.

ಖುಲ್ತಾಬಾದ್ ತಾಲೂಕಿನಲ್ಲೇ ಇದಕ್ಕೆ ಒಳ್ಳೆಯ ಉದಾಹರಣೆ ಇದೆ. ಎಲ್ಲೋರಾ ಎಂದು ನಾವು ಕರೆಯುವ ವೇರುಳ ಗ್ರಾಮದ ಪಾಟೀಲಕಿ ಭೋಸಲೆ ಮನೆತನದ್ದು. ಅವರ ಹಳೆಯ ಗಢಿಯ ಗುರುತು ಈಗಲೂ ಅಲ್ಲಿದೆ. ಗಢಿ ಎಂದರೆ ನಮ್ಮ ಉತ್ತರ ಕರ್ನಾಟಕದ ವಾಡೆ ಇದ್ದ ಹಾಗೆ, ಅರ್ಧ ಮನೆ ಅರ್ಧ ಕೋಟೆ. ಆ ಮನೆಯ ಮಾಲೋಜಿಗೆ ಅಹಮದ್‌ನಗರದ ನಿಜಾಮಶಾಹಿಯಿಂದ ಪುಣೆ, ಸುಪೆ ಜಹಗೀರಾಗಿ ಬಂದವು. ಮಾಲೋಜಿಯ ಮಗ ಶಹಾಜಿ ಮುಂದೆ ಬಿಜಾಪುರದ ಆದಿಲಶಾಹಿ ಸೇರಿದ. 1638ರಲ್ಲಿ ರಣದುಲ್ಲಾ ಖಾನನ ಸೈನ್ಯ ಕೆಂಪೇಗೌಡರ ಮನೆತನದಿಂದ ಬೆಂಗಳೂರನ್ನು ಗೆದ್ದಾಗ ಆ ಊರು ಶಹಾಜಿಯ ಜಹಗೀರಾಯಿತು. ಕೋಲಾರ, ಹೊಸಕೋಟೆ, ದೊಡ್ಡಬಳ್ಳಾಪುರ, ಶಿರಾಗಳೂ ಜೊತೆಗೆ. ಹೌದು, ಶಿವಾಜಿಯ ತಂದೆ ನಮ್ಮ ಬೆಂಗಳೂರಿನ ಜಹಗೀರದಾರ! ಜಹಗೀರು ಎಷ್ಟು ದೊಡ್ಡದಾದರೂ ಭದ್ರವಲ್ಲ ಎಂಬುದು ಅವನಿಗೆ 1648ರಲ್ಲಿ ಗೊತ್ತಾಯಿತು, ಜಿಂಜಿಯ ಬಳಿ ಸ್ವಂತ ಸುಲ್ತಾನನ ಕಡೆಯವರೇ ಅವನನ್ನು ಸೆರೆಹಿಡಿದರು. ಮರುವರ್ಷ ಬಿಡುಗಡೆಯಾಯಿತು. 1664ರಲ್ಲಿ ಚನ್ನಗಿರಿ ಹತ್ತಿರದ ಹೊದಿಗೆರೆಯಲ್ಲಿ ಬೇಟೆಗೆ ಹೋಗಿ ಕುದುರೆಯಿಂದ ಬಿದ್ದು ತೀರಿಕೊಂಡ. ಸಮಾಧಿ ಅಲ್ಲೇ ಇದೆ.

ಅಪ್ಪನ ಪಾಡು ನೋಡಿಯೋ ಏನೋ, ಶಿವಾಜಿ ತನ್ನ ರಾಜ್ಯದಲ್ಲಿ ಜಹಗೀರು ಕೊಡಲು ಇಷ್ಟಪಡಲಿಲ್ಲ, ಆದಷ್ಟೂ ನಗದು ಸಂಬಳವನ್ನೇ ಕೊಟ್ಟ.

ಬೆಂಗಳೂರು ಶಹಾಜಿಯ ಇನ್ನೊಬ್ಬ ಮಗ ಏಕೋಜಿಗೆ ಬಂತು. ಅವನು ತಂಜಾವೂರಿನಲ್ಲಿ ನೆಲೆಸಿದ್ದ, ದೂರದ ಬೆಂಗಳೂರು ಹೊರೆಯಾಯಿತು. ಮೈಸೂರಿನ ಚಿಕ್ಕದೇವರಾಜ ಒಡೆಯರಿಗೆ ಮಾರಲು ಮಾತಾಡುತ್ತಿದ್ದಾಗಲೇ, 1687ರಲ್ಲಿ, ಔರಂಗಜೇಬನ ಸರದಾರ ಖಾಸಿಂ ಖಾನ್ ಬಂದು ಊರು ಹಿಡಿದ. ಹಿಡಿದವನೇ ಅದನ್ನು ಒಡೆಯರಿಗೆ ಒಪ್ಪಿಸಿದ, ಮೂರು ಲಕ್ಷ ರೂಪಾಯಿಗೆ ಎಂದು ಚರಿತ್ರೆಯ ಪುಸ್ತಕಗಳು ಹೇಳುತ್ತವೆ. ಇವತ್ತು ಆ ದುಡ್ಡಿಗೆ ಬೆಂಗಳೂರಲ್ಲಿ ಕಾರು ನಿಲ್ಲಿಸುವಷ್ಟು ಜಾಗವೂ ಸಿಗದು. ಕೈ ಬದಲಾಯಿಸಿದ ಮನೆತನದ ಊರು ವೇರುಳ, ಬದಲಾಯಿಸಿದ ಬಾದಶಹನ ಗೋರಿ ಖುಲ್ತಾಬಾದ್. ನಡುವೆ ಐದಾರು ಕಿಲೋಮೀಟರು.

ಬಿಜಾಪುರ, ಗೋಲ್ಕೊಂಡ ಗೆದ್ದ ಮೇಲೆ ಔರಂಗಜೇಬನಿಗೆ ಇನ್ನೊಂದು ತಲೆನೋವು. ದಖ್ಖನಿನ ಸರದಾರರನ್ನೆಲ್ಲ ಒಲಿಸಿಕೊಳ್ಳಲು ಮನ್ಸಬು ಕೊಟ್ಟ, ಕೊಡಲು ಹಳ್ಳಿಗಳೇ ಸಾಲಲಿಲ್ಲ. ಕಾಗದ ಕೈಯಲ್ಲಿ, ಕಂದಾಯ ಮರಾಠರ ಕೈಯಲ್ಲಿ. ಇದಕ್ಕೆ ಬೇಜಾಗೀರಿ ಎಂಬ ಹೆಸರೇ ಇತ್ತು.

ನಿಜಾಮರ ಕಾಲಕ್ಕೆ ಆಟ ತಿರುಗಿತು. ಬಾದಶಹ ದೂರ, ವರ್ಗ ಮಾಡುವವರಿಲ್ಲ. ಜಹಗೀರು ಅಪ್ಪನಿಂದ ಮಗನಿಗೆ ಹೋಗುತ್ತ ಇಂಗ್ಲೆಂಡಿನ ಎಸ್ಟೇಟಿನ ಹಾಗೆಯೇ ಗಟ್ಟಿಯಾಯಿತು. ಬೀದರ, ಕಲಬುರಗಿ, ರಾಯಚೂರು ಕಡೆಯ ನಮ್ಮ ಎಷ್ಟೋ ಹಳ್ಳಿಗಳು ಹೈದರಾಬಾದಿನ ಹವೇಲಿಗಳಿಗೆ ಕಂದಾಯ ಕಳಿಸಿದವು. ಕೊಪ್ಪಳವಂತೂ ಸಾಲಾರ್ ಜಂಗ್ ಮನೆತನದ ಜಹಗೀರು. ಆ ಮ್ಯೂಸಿಯಂ ನೋಡಿ ಬೆರಗಾಗುವಾಗ ಇದೂ ನೆನಪಿರಲಿ. 1948ರ ಸೆಪ್ಟೆಂಬರಿನಲ್ಲಿ ಹೈದರಾಬಾದ್ ಭಾರತಕ್ಕೆ ಸೇರಿತು, ಮರುವರ್ಷ ಆಗಸ್ಟಿನಲ್ಲಿ ಜಹಗೀರುಗಳು ರದ್ದಾದವು. ಮುಂಬೈ ಪ್ರಾಂತದ ಕುಲಕರ್ಣಿ ವತನಗಳಿಗೂ ಸುಮಾರು ಅದೇ ಹೊತ್ತಿಗೆ ಕೊನೆ ಬಂತು.

ಉತ್ತವರ ಕಥೆ ಇನ್ನೂ ಬಾಕಿ. ಇಂಗ್ಲೆಂಡಿನಲ್ಲಿ 1381ರ ದಂಗೆಯಲ್ಲಿ ಲಂಡನ್ನಿನ ಸವಾಯ್ ಅರಮನೆಯನ್ನು ಜನ ಸುಟ್ಟರು, ಅದು ಅದೇ ಜಾನ್ ಆಫ್ ಗಾಂಟನದು. ಕರ್ನಾಟಕದಲ್ಲಿ ಆಯುಧ ಒಂದು ಹಾಳೆ ಕಾಗದ. 1974ರ ಮಾರ್ಚ್ 1ರಂದು ಗೇಣಿಗೆ ಕೊಟ್ಟ ಜಮೀನೆಲ್ಲ ಸರ್ಕಾರದ್ದಾಯಿತು. ಉಳುವವನು ಫಾರಂ ನಂಬರ್ 7 ತುಂಬಿ ಭೂನ್ಯಾಯ ಮಂಡಳಿಯ ಮುಂದೆ ನಿಂತು, ಈ ಹೊಲ ನಾನು ಮಾಡುತ್ತಿದ್ದೇನೆ ಎಂದು ಹೇಳಬೇಕಿತ್ತು. ಎದುರಿಗೆ ಅದೇ ಊರಿನ ಧಣಿ. ಹೇಳಲು ಧೈರ್ಯ ಬೇಕಿತ್ತು, ಹೇಳದೆ ಉಳಿದವರೂ ಇದ್ದರು. ಅವರ ಹೆಸರಿನ ಕೊನೆಗೆ ಸಾಮಾನ್ಯವಾಗಿ ಯಾವ ಬಾಲವೂ ಇರುವುದಿಲ್ಲ.

ಈ ರಜೆಯಲ್ಲಿ ಊರಿಗೆ ಹೋದಾಗ ಅಜ್ಜನನ್ನೋ ದೊಡ್ಡಪ್ಪನನ್ನೋ ಕೂರಿಸಿಕೊಂಡು ಕೇಳಿ: ನಮ್ಮ ಮನೆಯವರು ಫಾರಂ 7 ಬರೆದವರೋ, ಅದರ ವಿರುದ್ಧ ಕೋರ್ಟಿಗೆ ಹೋದವರೋ? ಅಪ್ಪನ ಕಡೆ ಒಂದು ಉತ್ತರ, ಅಮ್ಮನ ಕಡೆ ಇನ್ನೊಂದು ಸಿಗುವ ಮನೆಗಳೂ ಉಂಟು.