ಒಂದೇ ಕೆಂಡ, ಎರಡು ಜಾಲರಿ

ಪುಣೆಯಲ್ಲಿ ಚಳಿಗಾಲವೆಂದರೆ ಬೆಂಕಿಯ ಸುತ್ತ ಕುಳಿತು ಉಣ್ಣುವ ಕಾಲ. ಡಿಸೆಂಬರಿನಿಂದ ಫೆಬ್ರುವರಿಯವರೆಗೆ ಊರ ಹೊರಗಿನ ಹೊಲಗಳಲ್ಲಿ ಹುರಡಾ ಕೂಟಗಳು ನಡೆಯುತ್ತವೆ. ಊರ ಒಳಗೆ, ಹಿತ್ತಲೋ ತಾರಸಿಯೋ ಉಳಿದಿರುವ ಮನೆಗಳಲ್ಲಿ, ಇದ್ದಿಲ ಒಲೆಯ ಮೇಲೆ ಸಾಸೇಜು, ಈರುಳ್ಳಿ, ದೊಣ್ಣೆಮೆಣಸಿನಕಾಯಿಗಳನ್ನು ಸುಡುತ್ತಾರೆ. ಮೊದಲನೆಯದನ್ನು ನಾವು ಪರಂಪರೆಯೆಂದು ಗೌರವಿಸುತ್ತೇವೆ. ಎರಡನೆಯದನ್ನು ಸಿನಿಮಾ ನೋಡಿ ಕಲಿತ ಶೋಕಿಯೆಂದು ಬದಿಗೆ ಸರಿಸುತ್ತೇವೆ. ಈ ವಿಂಗಡಣೆ ಸರಿಯಲ್ಲವೆಂಬುದು ನನ್ನ ಅಭಿಪ್ರಾಯ. ಅಷ್ಟೇ ಅಲ್ಲ, ಅಡುಗೆಯನ್ನು ವಿಚಾರಿಸಿಯೇ ಮನೆ ಬಾಡಿಗೆಗೆ ಕೊಡುವ ಈ ದಿನಗಳಲ್ಲಿ ಎರಡನೆಯ ಬಗೆಯ ಕೂಟವನ್ನು ಉಳಿಸಿಕೊಳ್ಳುವುದು ಹೆಚ್ಚು ಅಗತ್ಯವೆಂದೂ ಹೇಳಬಯಸುತ್ತೇನೆ.

ಹುರಡಾ ಎಂದರೆ ನಮ್ಮ ವಿಜಯಪುರ, ಕಲಬುರಗಿ, ಧಾರವಾಡ ಕಡೆಯ ಸೀತನಿಯೇ. ಹಾಲುಗಾಳಿನ ಹಂತ ದಾಟಿ ಇನ್ನೂ ಪೂರ್ತಿ ಬಲಿಯದ ಜೋಳದ ತೆನೆಯನ್ನು ಕುಳ್ಳಿನ ಕೆಂಡದಲ್ಲಿ ಸುಟ್ಟು, ಬಿಸಿಯಿರುವಾಗಲೇ ಅಂಗೈಯಲ್ಲಿ ತಿಕ್ಕಿ, ಹೊಟ್ಟನ್ನು ಊದಿ ಕಾಳನ್ನು ಬಾಯಿಗೆ ಹಾಕಿಕೊಳ್ಳುವುದು ಅದರ ಕ್ರಮ. ನೆಲದಲ್ಲಿ ತೋಡಿದ ಆ ಬೆಂಕಿಗುಳಿಯನ್ನು ಮರಾಠಿಗರು ಆಗಟಿ ಎನ್ನುತ್ತಾರೆ. ಸುರ್ತಿ, ಗುಳಭೇಂಡಿಯಂಥ ಮೃದು ಕಾಳಿನ ತಳಿಗಳನ್ನು ಇದಕ್ಕೆಂದೇ ಬೆಳೆಯುತ್ತಾರೆ. ಜೊತೆಗೆ ಶೇಂಗಾ ಚಟ್ನಿ, ಬೆಳ್ಳುಳ್ಳಿ ಚಟ್ನಿ, ಬೆಲ್ಲ, ಮೊಸರು. ಗಮನಿಸಿ ನೋಡಿದರೆ ಈ ಊಟದಲ್ಲಿರುವುದು ಮೂರೇ ಅಂಶಗಳು: ಬಯಲಿನ ಕೆಂಡ, ಸುಟ್ಟದ್ದನ್ನು ಅಲ್ಲಿಯೇ ಆಗಲೇ ತಿನ್ನುವ ಕ್ರಮ, ಬೇಕಾದವರು ಬೇಕಾದಷ್ಟು ಹಚ್ಚಿಕೊಳ್ಳಲು ನಾಲ್ಕಾರು ಬಗೆಯ ಮೇಲೋಗರ. ಹಿತ್ತಲ ಸಾಸೇಜಿನ ಊಟದಲ್ಲಿರುವುದೂ ಇವೇ ಮೂರು.

ಸಾಸೇಜು ಪರದೇಶದ್ದಲ್ಲವೇ ಎಂದು ಕೇಳುವವರಿದ್ದಾರೆ. ಹೆಸರು ಪರದೇಶದ್ದು, ನಿಜ. ವಸ್ತು ಅಷ್ಟು ಪರಕೀಯವಲ್ಲ. ಇಂದಿನ ಬೀದರ ಜಿಲ್ಲೆಯ ಬಸವಕಲ್ಯಾಣದಿಂದ ಆಳಿದ ಚಾಲುಕ್ಯರ ಮೂರನೆಯ ಸೋಮೇಶ್ವರ 12ನೆಯ ಶತಮಾನದ ಪೂರ್ವಾರ್ಧದಲ್ಲಿ ‘ಮಾನಸೋಲ್ಲಾಸ’ ಎಂಬ ಸಂಸ್ಕೃತ ಗ್ರಂಥವನ್ನು ರಚಿಸಿದ. ಅದರಲ್ಲಿ ಅರಸನ ಊಟವನ್ನು ವರ್ಣಿಸುವ ಅನ್ನಭೋಗದ ಭಾಗದಲ್ಲಿ ಮಾಂಸದ ಹಲವು ಪಾಕಗಳು ಬರುತ್ತವೆ. ಮಂಡಲೀಯ ಎಂಬುದು ಅವುಗಳಲ್ಲಿ ಒಂದು. ತೊಳೆದ ಕರುಳಿನೊಳಗೆ ಮಸಾಲೆ ಬೆರೆಸಿದ ಮಜ್ಜೆಯನ್ನು ತುಂಬಿ ಕೆಂಡದ ಮೇಲೆ ಸುಡುವ ಪಾಕವದು. ಇಂದು ಇಂಗ್ಲಿಷಿನ ಹೆಸರಿಟ್ಟು ಕರೆಯುವ ತಿನಿಸಿನ ಲಕ್ಷಣವೂ ಇದಕ್ಕಿಂತ ಬೇರೆಯಲ್ಲ. ಕನ್ನಡ ನಾಡಿನ ಅರಸನೊಬ್ಬ ಸುಮಾರು 900 ವರ್ಷಗಳ ಹಿಂದೆ ಶಾಸ್ತ್ರಗ್ರಂಥದಲ್ಲಿ ಬರೆದಿಟ್ಟ ಅಡುಗೆಯನ್ನು ನಾವು ಇಂದು ಪಾಶ್ಚಾತ್ಯರ ಅನುಕರಣೆ ಎನ್ನುವುದು ವಿಚಿತ್ರವೇ ಸರಿ.

ಆದರೆ ಚಿತ್ರದ ಇನ್ನೊಂದು ಮಗ್ಗುಲನ್ನೂ ನೋಡಬೇಕು. 16ನೆಯ ಶತಮಾನದ ಆದಿಯಲ್ಲಿ ಜೈನಕವಿ ಮೂರನೆಯ ಮಂಗರಸ ಕನ್ನಡದಲ್ಲಿಯೇ ‘ಸೂಪಶಾಸ್ತ್ರ’ವನ್ನು ಬರೆದ. ಅದು ಸಂಪೂರ್ಣವಾಗಿ ಸಸ್ಯಾಹಾರದ ಗ್ರಂಥ. ಬದನೆಕಾಯಿಗೂ ಬಾಳೆಕಾಯಿಗೂ ಹಲಸಿಗೂ ಅಲ್ಲಿ ಸಿಕ್ಕಿರುವ ಮರ್ಯಾದೆ ಮಾಂಸಕ್ಕೆ ಮಾನಸೋಲ್ಲಾಸದಲ್ಲಿ ಸಿಕ್ಕಿರುವುದಕ್ಕಿಂತ ಕಡಿಮೆಯಲ್ಲ. ಎರಡೂ ನಮ್ಮವೇ. ಒಂದನ್ನು ಎತ್ತಿ ಹಿಡಿದು ಇನ್ನೊಂದನ್ನು ಅಲ್ಲಗಳೆಯುವುದಕ್ಕೆ ಇತಿಹಾಸದ ಬೆಂಬಲವಿಲ್ಲ. ಉಳಿಯುವ ಪ್ರಶ್ನೆ ಇಷ್ಟೇ: ಈ ಎರಡು ಪರಂಪರೆಗಳು ಒಂದೇ ಸಂಜೆ, ಒಂದೇ ಅಂಗಳದಲ್ಲಿ ಕೂಡಿ ಕುಳಿತುಕೊಳ್ಳಬಲ್ಲವೇ?

ಈ ಪ್ರಶ್ನೆಯನ್ನು ಕೇಳಲು ಪುಣೆ ತಕ್ಕ ಊರು. ಪೇಶ್ವೆಯರ ರಾಜಧಾನಿಯಾಗಿದ್ದ ಈ ನಗರವನ್ನು ಮಡಿವಂತರ ಊರೆಂದು ಬಣ್ಣಿಸುವುದು ರೂಢಿ. ಅದೇ ನಗರದಲ್ಲಿ, ಸವಾಯಿ ಮಾಧವರಾವ್ ಪೇಶ್ವೆಯ ಆಳ್ವಿಕೆಯಲ್ಲಿಯೇ, ಮರಾಠಾ ಸೇನೆಯಲ್ಲಿದ್ದ ಕ್ರೈಸ್ತರಿಗಾಗಿ ಕೊಟ್ಟ ಜಾಗದಲ್ಲಿ 1792ರಲ್ಲಿ ಚರ್ಚು ಎದ್ದಿತು. ನಾನಾ ಪೇಠೆಯ ಆ ಸಿಟಿ ಚರ್ಚು ಇಂದಿಗೂ ಇದೆ. ಮುಂದೆ ದಂಡು ಪ್ರದೇಶ ಬೆಳೆದು ಇರಾನಿಗಳ ಬೇಕರಿಗಳು ಬಂದವು. 1955ರ ಕಯಾನಿ ಬೇಕರಿಯ ಮುಂದೆ ಸಾಲಿನಲ್ಲಿ ನಿಲ್ಲುವವರ ಜಾತಿಯನ್ನು ಯಾರೂ ಕೇಳುವುದಿಲ್ಲ. ಬಿ. ವಿ. ರಾವ್ ಅವರು 1971ರಲ್ಲಿ ಸ್ಥಾಪಿಸಿದ ವೆಂಕಟೇಶ್ವರ ಹ್ಯಾಚರೀಸಿನ ಕೇಂದ್ರ ಇರುವುದೂ ಪುಣೆಯಲ್ಲಿಯೇ. ಇಂದು ಅಂಗಡಿಗಳ ಫ್ರೀಜರಿನಲ್ಲಿ ಸಿಗುವ ವೆಂಕೀಸ್ ಕೋಳಿಮಾಂಸದ ಸಾಸೇಜು ಆ ಸಮೂಹದ್ದೇ. ಹೀಗೆ ಸಾಸೇಜೂ ಪಾವೂ ಈ ಊರಿನ ಉತ್ಪನ್ನಗಳೇ ಆಗಿವೆ. ಕಡಿಮೆಯಾಗುತ್ತಿರುವುದು ಅವನ್ನು ಕೂಡಿ ತಿನ್ನುವ ಜಾಗ ಮಾತ್ರ.

ಕೇಂದ್ರ ಸರ್ಕಾರದ ನೌಕರನಾಗಿ ವಸತಿಗೃಹದಲ್ಲಿ ಬಾಳಿದವನಿಗೆ ಒಂದು ಸಂಗತಿ ಬೇಗ ಅರ್ಥವಾಗುತ್ತದೆ. ಅಲ್ಲಿ ಮನೆ ಹಂಚುವುದು ಸಂಬಳದ ಶ್ರೇಣಿ ಮತ್ತು ಸರದಿ ನೋಡಿ; ಅಡುಗೆ ನೋಡಿ ಅಲ್ಲ. ಆದ್ದರಿಂದ ಬಂಗಾಳದ ಮೀನಿನ ಪಕ್ಕದಲ್ಲಿ ಮಾರವಾಡದ ದಾಲ್ ಇರುತ್ತದೆ, ಕೇರಳದ ಮಾಂಸದ ಸಾರಿನ ಎದುರಿಗೆ ನಮ್ಮ ಜೋಳದ ರೊಟ್ಟಿ ಇರುತ್ತದೆ. ನಿವೃತ್ತಿಯ ಹೊತ್ತಿಗೆ ಸ್ವಂತ ಮನೆ ಹುಡುಕಲು ಹೊರಟಾಗ ಬೇರೆಯದೇ ಲೋಕ ಎದುರಾಗುತ್ತದೆ. ‘ನೀವು ಏನು ತಿನ್ನುತ್ತೀರಿ?’ ಎಂಬ ಪ್ರಶ್ನೆ ‘ನಿಮ್ಮ ಹೆಸರೇನು?’ ಎಂಬುದರ ಬೆನ್ನಿಗೇ ಬರುತ್ತದೆ. ಕಾನೂನಿನಿಂದ ಇದು ಸುಲಭವಾಗಿ ಬಗೆಹರಿಯದು. ಅಹಮದಾಬಾದಿನ ಪಾರ್ಸಿ ವಸತಿ ಸಹಕಾರ ಸಂಘವೊಂದು ಸದಸ್ಯತ್ವವನ್ನು ತನ್ನ ಸಮುದಾಯಕ್ಕೇ ಸೀಮಿತಗೊಳಿಸಿದ್ದ ಉಪವಿಧಿಯನ್ನು ಸರ್ವೋಚ್ಚ ನ್ಯಾಯಾಲಯ 2005ರಲ್ಲಿ ಎತ್ತಿಹಿಡಿಯಿತು. ಆ ಪ್ರಕರಣ ಆಹಾರದ್ದಲ್ಲ. ಆದರೂ ನೆರೆಹೊರೆಯನ್ನು ನ್ಯಾಯಾಲಯ ಕಟ್ಟಿಕೊಡಲಾರದು ಎಂಬುದನ್ನು ಅದು ನೆನಪಿಸುತ್ತದೆ. ಆ ಕೆಲಸ ಹಿತ್ತಲಿನಲ್ಲಿಯೇ ಆಗಬೇಕು.

ಆಗಬೇಕಾದರೆ ಸಸ್ಯಾಹಾರಿಯ ಆಕ್ಷೇಪವನ್ನು ಮೊದಲು ಗೌರವದಿಂದ ಕೇಳಿಸಿಕೊಳ್ಳಬೇಕು. ಮಾಂಸದ ಹೊಗೆ ಕಿಟಕಿಯೊಳಗೆ ನುಗ್ಗಿದರೆ ಕಷ್ಟವಾಗುವುದು ಸಹಜ. ತನ್ನ ತಟ್ಟೆಯ ಬದನೆಕಾಯಿಗೆ ಪಕ್ಕದ ಕೊಬ್ಬು ತಾಗಬಾರದೆಂದು ಬಯಸುವುದು ಅಹಂಕಾರವಲ್ಲ. ಅಂಥವರನ್ನು ‘ಒಂದು ಚಿಮಟ ತಾಗಿದರೆ ಏನಾಗುತ್ತದೆ?’ ಎಂದು ಹಾಸ್ಯ ಮಾಡುವ ಉದಾರವಾದಿಗಳನ್ನು ನಾನು ಕಂಡಿದ್ದೇನೆ. ಅದು ಉದಾರತೆಯಲ್ಲ. ಹಾಗೆಯೇ, ಒಬ್ಬರಿಗೆ ವಾಸನೆ ಒಗ್ಗದೆಂಬ ಕಾರಣಕ್ಕೆ ಇಡೀ ಕಟ್ಟಡದಲ್ಲಿ ಮಾಂಸವೇ ಬೇಯಬಾರದೆಂಬುದು ಶುಚಿತ್ವವಲ್ಲ, ಅಧಿಕಾರ. ಈ ಎರಡು ಅತಿರೇಕಗಳ ನಡುವೆ ಒಂದು ಸಣ್ಣ ವ್ಯವಸ್ಥೆಗೆ ಎಡೆಯಿದೆ: ಎರಡು ಜಾಲರಿ, ಎರಡು ಚಿಮಟ.

ವ್ಯವಸ್ಥೆ ಕಠಿಣವೇನಲ್ಲ. ಇದ್ದಿಲನ್ನು ಊಟಕ್ಕೆ ಅರ್ಧ ಗಂಟೆ ಮೊದಲು ಹೊತ್ತಿಸಿ, ಜ್ವಾಲೆ ಅಡಗಿ ಕೆಂಡದ ಮೇಲೆ ಬೂದಿಯ ತೆಳು ಪೊರೆ ಬರುವವರೆಗೆ ಕಾಯಬೇಕು. ಅದೇ ಬೆಂಕಿಯಿಂದ ಕೆಂಡವನ್ನು ಎರಡು ಶೆಗಡಿಗಳಿಗೆ ಹಂಚಿ, ಒಂದರ ಮೇಲೆ ತರಕಾರಿ, ಗಾಳಿ ಬೀಸುವ ದಿಕ್ಕಿಗೆ ಸರಿಸಿಟ್ಟ ಇನ್ನೊಂದರ ಮೇಲೆ ಸಾಸೇಜು. ಹೀಗಾದರೆ ಮಾಂಸದ ಹೊಗೆ ತರಕಾರಿಯ ಕಡೆ ಸುಳಿಯುವುದಿಲ್ಲ. ಸಾಸೇಜನ್ನು ಚುಚ್ಚಬಾರದು, ಚುಚ್ಚಿದರೆ ಕೊಬ್ಬು ಕೆಂಡಕ್ಕೆ ಬಿದ್ದು ಉರಿ ಏಳುತ್ತದೆ, ಸಾಸೇಜು ಒಳಗೆ ಒಣಗಿ ಹೊರಗೆ ಕಪ್ಪಾಗುತ್ತದೆ. ಪೊಟ್ಟಣದಲ್ಲಿ ಬರುವ ಕೋಳಿಮಾಂಸದ ಸಾಸೇಜು ಮೊದಲೇ ಬೆಂದದ್ದೋ ಹಸಿಯದೋ ಎಂಬುದನ್ನು ಓದಿ ತಿಳಿಯಬೇಕು. ಹಸಿಯದಾದರೆ ನಡುಭಾಗ 74 ಡಿಗ್ರಿ ಸೆಲ್ಸಿಯಸ್ ಮುಟ್ಟುವವರೆಗೆ ಮಂದ ಕೆಂಡದಲ್ಲಿ ತಿರುಗಿಸುತ್ತಿರಬೇಕು. ವಿನೆಗರ್ ಮತ್ತು ಕೆಂಪು ಮೆಣಸಿನಲ್ಲಿ ಹದಗೊಂಡ ಗೋವೆಯ ಹಂದಿಮಾಂಸದ ಸಾಸೇಜಿನ ದಾರಿ ಬೇರೆ. ಅದನ್ನು ಬಿಡಿಸಿ, ಕಬ್ಬಿಣದ ಬಾಣಲೆಯಲ್ಲಿ ಈರುಳ್ಳಿ ಮತ್ತು ತುಸು ನೀರಿನೊಡನೆ ಬೇಯಿಸಿ ಪಾವಿನೊಳಗೆ ತುಂಬುವುದು ಲೇಸು.

ತರಕಾರಿಯ ಜಾಲರಿಯನ್ನು ಎರಡನೆಯ ದರ್ಜೆಯದೆಂದು ಕಾಣಬಾರದು ಎಂಬುದು ಇಲ್ಲಿ ಮುಖ್ಯ. ಒಣಗಿದ ಎರಡು ತುಂಡು ಪನೀರು ಇಟ್ಟು ‘ನಿಮಗೂ ಇದೆ’ ಎನ್ನುವುದು ಆತಿಥ್ಯವಾಗದು. ಇಡೀ ಬದನೆಕಾಯಿ ಮೊದಲು ಕೆಂಡಕ್ಕೆ ಬೀಳಲಿ. ಸಿಪ್ಪೆ ಸುಲಿದು ಕಿವುಚಿದರೆ ಮರಾಠಿಗರಿಗೆ ಭರೀತ, ನಮಗೆ ಗೊಜ್ಜು. ಗೆಣಸು, ಅರೆಬೆಂದ ಆಲೂಗಡ್ಡೆ, ಸಿಪ್ಪೆಸಹಿತ ಮುಸುಕಿನ ಜೋಳದ ತೆನೆ, ಅಡ್ಡಲಾಗಿ ಸೀಳಿದ ಈರುಳ್ಳಿ, ದೊಣ್ಣೆಮೆಣಸಿನಕಾಯಿ, ಇವೆಲ್ಲ ಕೆಂಡದ ರುಚಿಯನ್ನು ಚೆನ್ನಾಗಿ ಹಿಡಿಯುತ್ತವೆ. ನಮ್ಮ ವಸತಿಗೃಹಗಳಲ್ಲಿ ಈರುಳ್ಳಿ ಬೆಳ್ಳುಳ್ಳಿಯನ್ನೂ ಮುಟ್ಟದ ಉತ್ತರ ಪ್ರದೇಶದ ಅಜ್ಜಿಯೊಬ್ಬರಿದ್ದರು. ಗೆಣಸು ಸುಡುವ ಕೆಲಸವನ್ನು ಅವರಿಗೇ ಒಪ್ಪಿಸಿದ ಮೇಲೆ ತಮ್ಮ ಚಿಮಟವನ್ನು ತಾವೇ ತಂದು ಬೆಂಕಿಗೆ ಎಲ್ಲರಿಗಿಂತ ಹತ್ತಿರ ಕೂರತೊಡಗಿದರು. ಪಕ್ಕದ ಶೆಗಡಿಯಲ್ಲಿ ಏನಿದೆ ಎಂದು ಅವರು ಕೇಳುತ್ತಿರಲಿಲ್ಲ. ಮಕ್ಕಳಿಗೆ ಸಾಲುತ್ತದೆಯೇ ಎಂದು ಮಾತ್ರ ಕೇಳುತ್ತಿದ್ದರು.

ಇನ್ನು ಮೇಲೋಗರ. ಇದೇ ಈ ಊಟದ ಸೇತುವೆ ಎಂದು ನನ್ನ ನಂಬಿಕೆ. ಸಾಸೇಜಿಗೂ ಬದನೆಕಾಯಿಗೂ ಒಂದೇ ಶೇಂಗಾ ಚಟ್ನಿಪುಡಿ ಒಗ್ಗುತ್ತದೆ. ಗುರೆಳ್ಳು ಪುಡಿಯನ್ನು ಗಟ್ಟಿ ಮೊಸರಿನಲ್ಲಿ ಕಲಸಿದರೆ ಪೇಟೆಯ ಸಾಸಿಗಿಂತ ಮಿಗಿಲು. ಹಸಿಮೆಣಸಿನಕಾಯಿಯ ಠೇಚಾ, ಲಿಂಬೆಹಣ್ಣಿನ ರಸದಲ್ಲಿ ನೆನೆದ ಈರುಳ್ಳಿ, ಹೆಚ್ಚಿದ ಕೊತ್ತಂಬರಿ, ಸೌತೆಕಾಯಿಯ ಪಚಡಿ, ಬೇಕಾದವರಿಗೆ ಸಾಸಿವೆಯ ಸಾಸು. ಇವೆಲ್ಲ ಸಸ್ಯಾಹಾರವೇ ಆದ್ದರಿಂದ ನಡುವಿನ ಮೇಜಿನ ಮೇಲೆ ಇಡಬಹುದು. ಪ್ರತಿ ಬಟ್ಟಲಿಗೆ ಅದರದೇ ಚಮಚವಿದ್ದರೆ ಸಾಕು. ಜಾಲರಿಗಳು ಬೇರೆ ಇರಲಿ. ಬಟ್ಟಲುಗಳು ಒಂದೇ ಇರಲಿ. ಜನ ಮಾತಿಗೆ ತೊಡಗುವುದು ಒಲೆಯ ಬಳಿಯಲ್ಲಿ ಅಲ್ಲ, ಈ ಬಟ್ಟಲುಗಳ ಸುತ್ತ.

ಈ ಊಟದ ಮಿತಿಯನ್ನೂ ಮರೆಮಾಚಬೇಕಿಲ್ಲ. ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ವಿಭಾಗ 2015ರಲ್ಲಿ ಸಂಸ್ಕರಿಸಿದ ಮಾಂಸವನ್ನು ಮನುಷ್ಯರಲ್ಲಿ ಕ್ಯಾನ್ಸರಿಗೆ ಕಾರಣವಾಗುವ ವಸ್ತುಗಳ ಗುಂಪಿಗೆ ಸೇರಿಸಿತು. ಸಾಸೇಜು ಆ ವರ್ಗದ್ದೇ. ಇದ್ದಿಲ ಹೊಗೆಯೂ ಒಳ್ಳೆಯದಲ್ಲ. ಆದ್ದರಿಂದ ಇದನ್ನು ವಾರದ ಊಟವಾಗಿಸಬೇಕೆಂದು ನಾನು ಹೇಳುತ್ತಿಲ್ಲ. ಸೀತನಿಯೂ ವರ್ಷವಿಡೀ ಸಿಗುವುದಿಲ್ಲ. ಎಳ್ಳಮಾವಾಸ್ಯೆಯ ಚರಗದ ಹೊಲದೂಟ ವರ್ಷಕ್ಕೊಮ್ಮೆಯೇ. ಅಪರೂಪವಾದದ್ದರಿಂದಲೇ ಅವು ಹಬ್ಬಗಳಾದವು.

ಹಾಗಾಗಿ ವಸತಿ ಸಂಘಗಳ ಮುಂದಿಡಬೇಕಾದ ಬೇಡಿಕೆ ದೊಡ್ಡದೇನಲ್ಲ. ಚಳಿಗಾಲದಲ್ಲಿ ಎರಡು ಅಥವಾ ಮೂರು ಸಂಜೆ. ಕಿಟಕಿಗಳಿಂದ ದೂರವಿರುವ ಒಂದು ಮೂಲೆ. ಮೊದಲೇ ತಿಳಿಸಿದ ದಿನಾಂಕ. ಪಕ್ಕದಲ್ಲಿ ಎರಡು ಬಕೆಟ್ ನೀರು. ರಾತ್ರಿ ಹತ್ತರೊಳಗೆ ಆರಿಸಿದ ಕೆಂಡ. ಇಷ್ಟಕ್ಕೆ ಒಪ್ಪಿದರೆ ಯಾರ ವ್ರತವೂ ಕೆಡುವುದಿಲ್ಲ, ಯಾರ ನಾಲಗೆಯೂ ಸೊರಗುವುದಿಲ್ಲ. ಇದಕ್ಕೂ ಒಪ್ಪದ ಕಟ್ಟಡದಲ್ಲಿ ಮಕ್ಕಳು ತಮ್ಮಂತೆ ಉಣ್ಣುವವರನ್ನು ಮಾತ್ರ ನೋಡುತ್ತ ಬೆಳೆಯುತ್ತಾರೆ. ನಾಳೆ ಉದ್ಯೋಗ ಅವರನ್ನು ಗುವಾಹಟಿಗೋ ಕೊಚ್ಚಿಗೋ ಕಳಿಸಿದಾಗ ಪಕ್ಕದ ಮನೆಯ ಒಗ್ಗರಣೆಗೂ ಅಂಜುತ್ತಾರೆ. ಆ ಅಂಜಿಕೆಯನ್ನು ನಾವೇ ಕೈಯಾರೆ ಕಲಿಸಬೇಕೇ ಎಂಬುದನ್ನು ಮುಂದಿನ ಚಳಿಗಾಲಕ್ಕೆ ಮೊದಲು ಪ್ರತಿ ಸಂಘವೂ ಯೋಚಿಸಲಿ.